ಆಡುವ ಹುಡುಗಿಯರು ನಮ್ಮಲ್ಲೂ ಇದ್ದಾರೆ, ನೋಡುವವರು ಬೇಕು

ಅಮೆರಿಕದ ಬ್ಯಾಸ್ಕೆಟ್‌ಬಾಲ್ ಆಟಗಾರ್ತಿ ಕೇಟ್ಲಿನ್ ಕ್ಲಾರ್ಕ್ ಕಾಲೇಜು ಮುಗಿಸಿ ವೃತ್ತಿಪರ ತಂಡಕ್ಕೆ ಆಡಲು ಇಂಡಿಯಾನಾ ರಾಜ್ಯಕ್ಕೆ ಹೋದಳು. ಆದರೂ ಅವಳ ತವರು ರಾಜ್ಯ ಅಯೋವಾದಲ್ಲಿ ಅವಳ ಮಾತು ನಿಂತಿಲ್ಲ. ಕಟಿಂಗ್ ಶಾಪಿನಲ್ಲಿ, ದಿನಸಿ ಅಂಗಡಿಯಲ್ಲಿ, ಆಫೀಸಿನ ಕಾಫಿ ಮೆಷಿನ್ ಹತ್ತಿರ ಈಗಲೂ ಯಾರಾದರೂ ಅವಳ ಸುದ್ದಿ ತೆಗೆಯುತ್ತಾರೆ. ನಾನು ಸೀಡರ್ ರ‍್ಯಾಪಿಡ್ಸ್ ಊರಿನಲ್ಲಿ ಇರುವವನು. ಅವಳು ಆಡಿದ ಅಯೋವಾ ಸಿಟಿ ಇಲ್ಲಿಂದ ಕಾರಿನಲ್ಲಿ ಅರ್ಧ ಗಂಟೆ. ಅವಳು ಕಾಲೇಜಿನಲ್ಲಿ ಆಡಿದ ನಾಲ್ಕು ವರ್ಷವೂ ನಾನು ಇಲ್ಲೇ ಇದ್ದೆ. ಅದನ್ನು ನೋಡುತ್ತಾ ನಮ್ಮ ಕಡೆಯ ಹುಡುಗಿಯರ ಬಗ್ಗೆ ಒಂದು ಮಾತು ಮನಸ್ಸಿನಲ್ಲಿ ಬೆಳೆಯುತ್ತಾ ಬಂದಿದೆ. ಅದನ್ನು ಇಲ್ಲಿ ಹೇಳಿಬಿಡುತ್ತೇನೆ.

ಅಯೋವಾ ಅಂದರೆ ಮುಸುಕಿನ ಜೋಳ, ಸೋಯಾ, ಹಂದಿ ಸಾಕಣೆ. ಇಡೀ ರಾಜ್ಯದ ಜನ 32 ಲಕ್ಷದ ಆಸುಪಾಸು. ಬೆಂಗಳೂರಿನ ಕೆಲವು ಬಡಾವಣೆ ಸೇರಿಸಿದರೆ ಅಷ್ಟು ಜನ ಸಿಗುತ್ತಾರೆ. ಈ ರಾಜ್ಯಕ್ಕೆ ದೊಡ್ಡ ವೃತ್ತಿಪರ ತಂಡ ಒಂದೂ ಇಲ್ಲ. ಹಾಗಾಗಿ ಇಲ್ಲಿಯ ಜನಕ್ಕೆ ಕಾಲೇಜು ತಂಡವೇ ತಂಡ. ಕ್ಲಾರ್ಕ್ ಹುಟ್ಟಿ ಬೆಳೆದಿದ್ದು ಇದೇ ರಾಜ್ಯದ ರಾಜಧಾನಿ ಡೆಮಾಯ್ನ್ ಕಡೆ, 2002ರಲ್ಲಿ. ಚಿಕ್ಕವಳಿದ್ದಾಗ ಹುಡುಗರ ಲೀಗಿನಲ್ಲಿ ಆಡಿದವಳು. ಹೈಸ್ಕೂಲು ಮುಗಿಯುವ ಹೊತ್ತಿಗೆ ದೇಶದ ದೊಡ್ಡ ದೊಡ್ಡ ಕಾಲೇಜುಗಳು ಅವಳಿಗಾಗಿ ಕಾದಿದ್ದವು. ಅವಳು ಆರಿಸಿಕೊಂಡಿದ್ದು ಮನೆಯಿಂದ ಎರಡು ಗಂಟೆ ದಾರಿಯ ಅಯೋವಾ ಯೂನಿವರ್ಸಿಟಿ. ಆಗ ಆ ತಂಡ ರಾಷ್ಟ್ರೀಯ ಸೆಮಿಫೈನಲ್ ನೋಡಿ ಎಷ್ಟೋ ವರ್ಷ ಆಗಿತ್ತು.

ಮೊದಲ ವರ್ಷ ಕೋವಿಡ್. 2020-21ರ ಸೀಸನ್. ಕಾರ್ವರ್-ಹಾಕೈ ಅರೀನಾದಲ್ಲಿ ಹದಿನೈದು ಸಾವಿರ ಕುರ್ಚಿ ಇವೆ, ಹೆಚ್ಚುಕಮ್ಮಿ ಎಲ್ಲವೂ ಖಾಲಿ. ಆ ಖಾಲಿ ಕುರ್ಚಿಗಳ ನಡುವೆಯೇ ಅವಳು ಪಂದ್ಯಕ್ಕೆ ಸರಾಸರಿ 26.6 ಪಾಯಿಂಟ್ ಹೊಡೆದಳು. ದೇಶದಲ್ಲೇ ಅತಿ ಹೆಚ್ಚು. ಮುಂದಿನ ವರ್ಷ ಪಾಯಿಂಟಿನಲ್ಲೂ ಅಸಿಸ್ಟಿನಲ್ಲೂ ದೇಶಕ್ಕೆ ಮೊದಲು ಬಂದಳು. ಅಸಿಸ್ಟ್ ಅಂದರೆ ಗೆಳತಿ ಬುಟ್ಟಿಗೆ ಹಾಕುವ ಹಾಗೆ ಕೊಟ್ಟ ಪಾಸ್. ಕಾಲೇಜು ಮಹಿಳೆಯರ ಆಟದ ಅತಿ ಮೇಲಿನ ಮಟ್ಟವಾದ ಮೊದಲ ಡಿವಿಜನ್‌ನಲ್ಲಿ ಒಂದೇ ಸೀಸನ್ನಿನಲ್ಲಿ ಎರಡನ್ನೂ ಮಾಡಿದವರು ಅದಕ್ಕೂ ಮುಂಚೆ ಯಾರೂ ಇರಲಿಲ್ಲ.

ಕ್ಲಾರ್ಕ್ ಆಡುವುದು ಗಾರ್ಡ್ ಆಗಿ. ಗಾರ್ಡ್ ಅಂದರೆ ಯಾರು ಅಂತ ಬ್ಯಾಸ್ಕೆಟ್‌ಬಾಲ್ ನೋಡದವರಿಗೆ ಹೇಳಬೇಕು. ಐದು ಜನರಲ್ಲಿ ಚೆಂಡನ್ನು ಪುಟಿಸುತ್ತಾ ಎದುರಾಳಿಯ ಬುಟ್ಟಿಯ ಕಡೆಗೆ ತರುವವಳು, ಯಾರಿಗೆ ಯಾವಾಗ ಕೊಡಬೇಕು ಅಂತ ತೀರ್ಮಾನ ಮಾಡುವವಳು ಗಾರ್ಡ್. ಎತ್ತರದವರು ಬುಟ್ಟಿಯ ಕೆಳಗೆ ನಿಲ್ಲುತ್ತಾರೆ, ಗಾರ್ಡ್ ದೂರದಿಂದ ಆಟ ಕಟ್ಟುತ್ತಾಳೆ. ಕ್ಲಾರ್ಕ್ ಇದನ್ನು ಇನ್ನೂ ದೂರಕ್ಕೆ ಒಯ್ದಳು. ಕಾಲೇಜು ಮಹಿಳೆಯರ ಆಟದಲ್ಲಿ ಮೂರು ಪಾಯಿಂಟಿನ ಗೆರೆ ಬುಟ್ಟಿಯಿಂದ 22 ಅಡಿ ಚಿಲ್ಲರೆ ದೂರ. ಅವಳು ಅದಕ್ಕೂ ಹತ್ತು ಅಡಿ ಹಿಂದೆ, ಅಂಗಳದ ನಡುವೆ ಬರೆದ ಲೋಗೋ ಹತ್ತಿರ ನಿಂತೇ ಎಸೆಯುತ್ತಿದ್ದಳು. ಅಷ್ಟು ದೂರದಿಂದ ಹೊಡೆಯುತ್ತಾಳೆ ಅನ್ನುವ ಭಯಕ್ಕೆ ಎದುರಾಳಿಗಳು ಮುಂದೆ ಬರಲೇಬೇಕು. ಮುಂದೆ ಬಂದರೆ ಹಿಂದೆ ಜಾಗ ಖಾಲಿ. ಆ ಜಾಗಕ್ಕೆ ಓಡುವ ಗೆಳತಿಯ ಕೈಗೆ ಚೆಂಡು ಆಗಲೇ ಹೋಗಿರುತ್ತಿತ್ತು. ನನಗೆ ಅವಳ ಶಾಟ್‌ಗಿಂತ ಪಾಸ್ ಜಾಸ್ತಿ ಇಷ್ಟ. ಕಾಲೇಜಿನಲ್ಲಿ ಒಟ್ಟು 1,144 ಅಸಿಸ್ಟ್ ಕೊಟ್ಟಿದ್ದಾಳೆ. ಚೆಂಡು ಕಳೆದುಕೊಂಡಿದ್ದೂ ಕಮ್ಮಿ ಏನಲ್ಲ. ರೆಫರಿ ಜೊತೆ ವಾದಕ್ಕೆ ನಿಂತು ಟೆಕ್ನಿಕಲ್ ಫೌಲ್, ಅಂದರೆ ಅಶಿಸ್ತಿನ ದಂಡ, ಹಾಕಿಸಿಕೊಂಡಿದ್ದೂ ಇದೆ. ಕೋಚ್ ಲೀಸಾ ಬ್ಲೂಡರ್ ಅವಳ ಕೈ ಕಟ್ಟಿಹಾಕಲಿಲ್ಲ. ಅಷ್ಟು ದೂರದಿಂದ ಎಸೆಯಬೇಡ ಅಂತ ಹೇಳುವ ಕೋಚ್ ಸಿಕ್ಕಿದ್ದರೆ ಈ ಆಟ ಹುಟ್ಟುತ್ತಲೇ ಇರಲಿಲ್ಲ.

2023ರ ಫೆಬ್ರವರಿ ಕೊನೆಯಲ್ಲಿ ಇಂಡಿಯಾನಾ ಯೂನಿವರ್ಸಿಟಿ ವಿರುದ್ಧದ ಪಂದ್ಯಕ್ಕೆ ನಾನು ಹೋಗಿದ್ದೆ. ಆ ಅರೀನಾವನ್ನು ಹಳ್ಳದಂಥ ಜಾಗದಲ್ಲಿ ಕಟ್ಟಿದ್ದಾರೆ. ಬಾಗಿಲಿನಿಂದ ಒಳಗೆ ಕಾಲಿಟ್ಟರೆ ನೀವು ಮೇಲಿನ ಸಾಲಿನಲ್ಲಿ ಇರುತ್ತೀರಿ, ಅಂಗಳ ಎಲ್ಲೋ ಕೆಳಗೆ. ಇಂಡಿಯಾನಾ ಆಗ ದೇಶದಲ್ಲಿ ಎರಡನೇ ಸ್ಥಾನದಲ್ಲಿದ್ದ ತಂಡ. ಕೊನೆಗೆ ಉಳಿದಿದ್ದು ಒಂದೂವರೆ ಸೆಕೆಂಡು. ಅಯೋವಾ ಎರಡು ಪಾಯಿಂಟ್ ಹಿಂದೆ, 85-83. ಚೆಂಡು ಯಾರ ಕೈಗೆ ಹೋಗುತ್ತದೆ ಅನ್ನುವುದು ಅಲ್ಲಿದ್ದ ಎಲ್ಲರಿಗೂ ಗೊತ್ತಿತ್ತು. ಇಂಡಿಯಾನಾದವರಿಗೂ ಗೊತ್ತಿತ್ತು. ಕ್ಲಾರ್ಕ್ ಗೆಳತಿಯರ ಮರೆಯಲ್ಲಿ ಸುತ್ತಿ ಓಡಿ ಬಂದಳು. ಗೆರೆಯ ಹೊರಗೆ ಚೆಂಡು ಹಿಡಿದಳು. ಸರಿಯಾಗಿ ಕಾಲೂರಿ ನಿಲ್ಲುವುದಕ್ಕೂ ಪುರುಸೊತ್ತಿರಲಿಲ್ಲ, ವಾಲಿಕೊಂಡೇ ಎಸೆದಳು. ಚೆಂಡು ಒಳಗೆ. 86-85. ಅಕ್ಕಪಕ್ಕ ಕೂತಿದ್ದ ಗುರುತಿಲ್ಲದವರೆಲ್ಲ ನನ್ನನ್ನು ಅಪ್ಪಿಕೊಂಡರು.

ಅವತ್ತು ನನ್ನ ಗಮನ ಸೆಳೆದಿದ್ದು ಪಕ್ಕದ ಸೀಟಿನ ಒಬ್ಬ ಅಜ್ಜಿ. ತೊಡೆಯ ಮೇಲೆ ಒಂದು ಪುಸ್ತಕ ಇಟ್ಟುಕೊಂಡು ಪ್ರತಿ ಬುಟ್ಟಿಯನ್ನೂ ಪೆನ್ಸಿಲಿನಲ್ಲಿ ಗುರುತು ಹಾಕಿಕೊಳ್ಳುತ್ತಿದ್ದರು. ಆ ಕೊನೆಯ ಶಾಟ್ ಬಿದ್ದು ಇಡೀ ಅರೀನಾ ಕುಣಿಯುತ್ತಿರುವಾಗ ಅವರೂ ಎದ್ದು ಚಪ್ಪಾಳೆ ತಟ್ಟಿದರು. ಆಮೇಲೆ ಕೂತು ಅದನ್ನೂ ಬರೆದುಕೊಂಡರು. ಕಾಲೇಜು ಹುಡುಗಿಯರ ಆಟಕ್ಕೆ ಬಹಳ ವರ್ಷದಿಂದ ಸೀಸನ್ ಟಿಕೆಟ್ ಕೊಳ್ಳುತ್ತಾ ಬಂದವರು ಅವರು. ಕ್ಲಾರ್ಕ್ ಹುಟ್ಟುವುದಕ್ಕೂ ಮುಂಚಿನಿಂದ. ತಾವೂ ಹೈಸ್ಕೂಲಿನಲ್ಲಿ ಆಡಿದ್ದಾಗಿ ಹೇಳಿದರು. ‘ನಮ್ಮದು ಆರು ಜನರ ಆಟ’ ಅಂದರು.

ಈ ಆರು ಜನರ ಆಟ ಅಯೋವಾದ ಆಸ್ತಿ. ಒಂದು ಕಡೆಗೆ ಆರು ಹುಡುಗಿಯರು. ಮೂವರು ಅಂಗಳದ ಆ ಅರ್ಧದಲ್ಲಿ, ಮೂವರು ಈ ಅರ್ಧದಲ್ಲಿ. ಯಾರೂ ನಡುಗೆರೆ ದಾಟುವ ಹಾಗಿಲ್ಲ. ಎರಡು ಸಲಕ್ಕಿಂತ ಜಾಸ್ತಿ ಚೆಂಡು ಪುಟಿಸುವ ಹಾಗಿಲ್ಲ. ಹೆಣ್ಣುಮಕ್ಕಳಿಗೆ ಹೆಚ್ಚು ಓಡಿದರೆ ಆಗುವುದಿಲ್ಲ ಅನ್ನುವ ಕಾಲದಲ್ಲಿ ಹುಟ್ಟಿದ ನಿಯಮ. ನಿಯಮ ಹೇಗೇ ಇರಲಿ, ಜನ ಮಾತ್ರ ಮುಗಿಬಿದ್ದು ನೋಡಿದರು. ಬೇರೆ ರಾಜ್ಯಗಳಲ್ಲಿ ಹುಡುಗಿಯರ ಆಟವನ್ನು ಶಾಲೆಗಳು ಕೈಬಿಟ್ಟಾಗ ಇಲ್ಲಿಯ ಸಣ್ಣ ಊರುಗಳ ಶಾಲೆಯವರು 1920ರ ದಶಕದಲ್ಲೇ ಹುಡುಗಿಯರಿಗಾಗಿ ಪ್ರತ್ಯೇಕ ಸಂಘ ಕಟ್ಟಿಕೊಂಡರು. ಪ್ರತಿ ಮಾರ್ಚ್‌ನಲ್ಲಿ ಡೆಮಾಯ್ನ್ ಊರಿನಲ್ಲಿ ರಾಜ್ಯ ಮಟ್ಟದ ಪಂದ್ಯಾವಳಿ, ಕಿಕ್ಕಿರಿದ ಜನ. 1968ರ ಫೈನಲ್ಲಿನಲ್ಲಿ ಡೆನೀಸ್ ಲಾಂಗ್ ಎಂಬ ಹುಡುಗಿ 64 ಪಾಯಿಂಟ್ ಹೊಡೆದರೆ ಎದುರು ತಂಡದ ಜೆನೆಟ್ ಓಲ್ಸನ್ 76 ಹೊಡೆದಳು. ಮರುವರ್ಷ ಪುರುಷರ ವೃತ್ತಿಪರ ತಂಡವೊಂದು ಡೆನೀಸ್ ಲಾಂಗ್ ಹೆಸರನ್ನು ಡ್ರಾಫ್ಟಿನಲ್ಲಿ, ಅಂದರೆ ತಂಡಗಳು ಸರದಿ ಪ್ರಕಾರ ಹೊಸ ಆಟಗಾರರನ್ನು ಆರಿಸಿಕೊಳ್ಳುವಲ್ಲಿ, ಕೂಗಿತು. ಲೀಗ್ ಅದಕ್ಕೆ ಒಪ್ಪಲಿಲ್ಲ, ಅದು ಬೇರೆ ಮಾತು. ಆರು ಜನರ ಆಟ ಪೂರ್ತಿ ನಿಂತಿದ್ದು 1993ರಲ್ಲಿ. ಅಂದರೆ ಇಲ್ಲಿಯ ಇವತ್ತಿನ ಅಮ್ಮಂದಿರು, ಅಜ್ಜಿಯರು ಆಡಿ ಬಂದವರು. ಅಪ್ಪಂದಿರು ಅದನ್ನು ನೋಡಿ ಬೆಳೆದವರು.

ಹಾಗಾಗಿ ಕ್ಲಾರ್ಕ್ ಬಂದಾಗ ನೋಡುವ ಕಣ್ಣು ತಯಾರಾಗಿತ್ತು. 1985ರಲ್ಲೇ ಇದೇ ಅರೀನಾಗೆ ಹುಡುಗಿಯರ ಒಂದು ಪಂದ್ಯ ನೋಡಲು 22,157 ಜನ ಬಂದಿದ್ದರು, ಕುರ್ಚಿಗಿಂತ ಏಳು ಸಾವಿರ ಜಾಸ್ತಿ. ಆಗ ತಂಡದ ಕೋಚ್ ವಿವಿಯನ್ ಸ್ಟ್ರಿಂಜರ್. ಎಲ್ಲರೂ ಕ್ಲಾರ್ಕ್ ಜನರನ್ನು ತಂದಳು ಅನ್ನುತ್ತಾರೆ. ತಂದಳು, ನಿಜ. ಆದರೆ ಅವಳನ್ನು ತಂದವರು ಈ ಜನ ಅಂತ ನನಗೆ ಅನಿಸುತ್ತದೆ.

ಈಗ ನಮ್ಮ ಕಡೆ ಬರುತ್ತೇನೆ. ನನ್ನದು ಹಾಸನ. ನಮ್ಮಲ್ಲಿ ಆಡುವವರಿಗೆ ಕೊರತೆ ಇದೆ ಅಂತ ಯಾರೂ ಹೇಳಬೇಡಿ. ಮಂಡ್ಯ, ಮೈಸೂರು, ಹಾಸನ, ಧಾರವಾಡ, ಬೆಂಗಳೂರು, ಎಲ್ಲ ಕಡೆ ಸಿಮೆಂಟ್ ಅಂಗಳದ ಮೇಲೆ ಮಂಡಿ ತರಚಿಕೊಂಡು ಆಡಿದ ಹುಡುಗಿಯರು ಇದ್ದಾರೆ. ಮೂಡುಬಿದಿರೆಯಂಥ ಕಡೆ ಆಟಗಾರ್ತಿಯರನ್ನು ದತ್ತು ತಗೊಂಡು ಓದಿಸುವ ಕಾಲೇಜೂ ಇದೆ. 2017ರ ಜುಲೈನಲ್ಲಿ ಬೆಂಗಳೂರಿನ ಕಂಠೀರವ ಒಳಾಂಗಣ ಕ್ರೀಡಾಂಗಣದಲ್ಲಿ ಮಹಿಳೆಯರ ಏಷ್ಯಾ ಕಪ್ ಬಿ ಡಿವಿಜನ್ ಪಂದ್ಯಾವಳಿ ನಡೆಯಿತು. ಫೈನಲ್ಲಿನಲ್ಲಿ ಭಾರತ ಕಜಕಸ್ತಾನವನ್ನು 75-73ರಿಂದ ಸೋಲಿಸಿತು. ಎರಡೇ ಪಾಯಿಂಟ್ ಅಂತರ! ಆ ತಂಡದಲ್ಲಿ ನಮ್ಮ ರಾಜ್ಯದ ಪಿ.ಯು. ನವನೀತಾ ಇದ್ದರು. ಬೆಂಗಳೂರಿನ ಸಂಜನಾ ರಮೇಶ್ ಸ್ಕಾಲರ್‌ಶಿಪ್ ಪಡೆದು ಅಮೆರಿಕದ ನಾರ್ದರ್ನ್ ಅರಿಜೋನಾ ಯೂನಿವರ್ಸಿಟಿ ತಂಡಕ್ಕೆ ಬಂದರು. ಕ್ಲಾರ್ಕ್ ಆಡಿದ ಅದೇ ಮೊದಲ ಡಿವಿಜನ್ನಿನಲ್ಲಿ ನಮ್ಮ ಊರಿನ ಹುಡುಗಿ ಆಡಿದ್ದಾರೆ ಅನ್ನುವುದು ಸಣ್ಣ ಸಂಗತಿಯಾ? ಇಬ್ಬರ ಹೆಸರನ್ನೂ ನಮ್ಮ ಮನೆಗಳಲ್ಲಿ ಎಷ್ಟು ಮಕ್ಕಳು ಹೇಳಬಲ್ಲರು?

ನನ್ನ ಅಕ್ಕನ ಮಗಳು ಚೆನ್ನಾಗಿ ಆಡುತ್ತಿದ್ದಳು. ಅವಳೂ ಗಾರ್ಡ್. ಹೈಸ್ಕೂಲಿನಲ್ಲಿ ಜಿಲ್ಲಾ ತಂಡ, ಆಮೇಲೆ ವಿಭಾಗ ಮಟ್ಟ. ಎಡಗೈಯಲ್ಲೂ ಬಲಗೈಯಷ್ಟೇ ಸಲೀಸಾಗಿ ಚೆಂಡು ಪುಟಿಸುತ್ತಿದ್ದಳು. ಅದಕ್ಕಾಗಿ ಬೆಳಿಗ್ಗೆ ಟ್ಯೂಷನ್ನಿಗೆ ಮುಂಚೆ ಮನೆ ಮುಂದಿನ ರಸ್ತೆಯಲ್ಲಿ ಎಡಗೈ ಒಂದರಲ್ಲೇ ಪುಟಿಸಿಕೊಂಡು ಹೋಗಿ ಹಾಲು ತರುತ್ತಿದ್ದಳು, ಬಲಗೈಯಲ್ಲಿ ಹಾಲಿನ ಪ್ಯಾಕೆಟ್. ಪಿಯುಸಿಗೆ ಬಂದಮೇಲೆ ಎಲ್ಲ ನಿಂತಿತು. ಕಾಲೇಜಿನವರು ಪಂದ್ಯಕ್ಕೆ ಹೋದ ದಿನ ಹಾಜರಿ ಕೊಡಲಿಲ್ಲ. ಲ್ಯಾಬ್ ತಪ್ಪಿದರೆ ಇನ್ನೊಂದು ಸಲ ಮಾಡಿಸಲಿಲ್ಲ. ಸಿಇಟಿ ಕೋಚಿಂಗ್ ಸಂಜೆಯೆಲ್ಲ ತಿಂದಿತು. ನಾನು ಫೋನಿನಲ್ಲಿ ಕೇಳಿದೆ, ‘ಯಾಕಮ್ಮ ಬಿಟ್ಟೆ? ಓದು ಜಾಸ್ತಿ ಆಯ್ತಾ?’

‘ಓದು ಇತ್ತು ಮಾವ, ಅದು ಹೆಂಗೋ ಆಗ್ತಿತ್ತು,’ ಅಂದಳು. ‘ಮ್ಯಾಚ್‌ಗೆ ಯಾರೂ ಬರಲ್ಲ. ಗೆದ್ದು ಬಂದ್ರೂ ಮನೇಲಿ ಎಷ್ಟು ಹೊತ್ತಿಗೆ ಬಸ್ ಹತ್ತಿದೆ ಅಂತಾನೇ ಕೇಳ್ತಾರೆ. ಯಾರಿಗೋಸ್ಕರ ಆಡ್ಬೇಕು ಹೇಳಿ?’

ಅವಳು ಹೇಳಿದ್ದರಲ್ಲಿ ಹಾಜರಿಯ ತೊಂದರೆಗೆ ಒಂದು ಸುತ್ತೋಲೆ ಸಾಕು. ಕೊನೆಯ ಪ್ರಶ್ನೆಗೆ ಸುತ್ತೋಲೆಯಿಂದ ಉತ್ತರ ಸಿಗುವುದಿಲ್ಲ.

ಎರಡು ಕಡೆಯ ದಾರಿ ಬೇರೆಯಾಗುವುದು ಸರಿಯಾಗಿ ಈ ವಯಸ್ಸಿನಲ್ಲೇ. ಹದಿನಾರರಿಂದ ಹದಿನೆಂಟು. ಅಮೆರಿಕದಲ್ಲಿ ಆಡುವ ಹುಡುಗಿಗೆ ಅದು ಕೈ ತುಂಬ ಆಟ ಇರುವ ಕಾಲ. ಕಾಲೇಜು ಕೋಚ್‌ಗಳು ಬಂದು ಹೈಸ್ಕೂಲಿನ ಗ್ಯಾಲರಿಯಲ್ಲಿ ಕೂರುತ್ತಾರೆ. ಕ್ಲಾರ್ಕ್ ಅಯೋವಾಗೆ ಬರುತ್ತೇನೆ ಅಂತ ಹೇಳಿದ್ದು 2019ರ ನವೆಂಬರಿನಲ್ಲಿ, ಇನ್ನೂ ಹೈಸ್ಕೂಲಿನಲ್ಲಿ ಇದ್ದಾಗ. ನಮ್ಮಲ್ಲಿ ಅದೇ ಎರಡು ವರ್ಷ ಬೂಟು ಅಟ್ಟಕ್ಕೆ ಹೋಗುತ್ತದೆ. ಮತ್ತೆ ಡಿಗ್ರಿಗೆ ಬಂದಮೇಲೆ ಯಾರೋ ಪಿ.ಇ. ಮೇಷ್ಟ್ರು ನೆನಪಿಸಿಕೊಂಡು ಕರೆದರೆ ಉಂಟು. ಅಷ್ಟರಲ್ಲಿ ಕೈಯಲ್ಲಿದ್ದ ಹದ ಹೋಗಿರುತ್ತದೆ. ಇದರಲ್ಲಿ ಅಪ್ಪ ಅಮ್ಮಂದಿರನ್ನು ಬೈಯುವುದು ನನಗೆ ಇಷ್ಟವಿಲ್ಲ. ಸೀಟು ಸಿಗದಿದ್ದರೆ ಲಕ್ಷಗಟ್ಟಲೆ ದುಡ್ಡು ಎಲ್ಲಿಂದ ತರುವುದು? ಅವರ ಭಯ ನಿಜವಾದದ್ದು.

ನಮ್ಮ ದಾರಿಯಲ್ಲಿ ಒಳ್ಳೆಯದೂ ಇದೆ, ಅದನ್ನು ಇಲ್ಲಿಯವರಿಗೆ ನಾನು ಹೇಳುತ್ತಲೇ ಇರುತ್ತೇನೆ. ರೈಲ್ವೆ. ಹುಬ್ಬಳ್ಳಿಯ ನೈಋತ್ಯ ರೈಲ್ವೆಗೆ ಮಹಿಳಾ ಬ್ಯಾಸ್ಕೆಟ್‌ಬಾಲ್ ತಂಡ ಇದೆ. ಆಟದ ಮೇಲೆ ಕೆಲಸ ಸಿಕ್ಕರೆ ನಿವೃತ್ತಿವರೆಗೂ ಸಂಬಳ. ಹಳ್ಳಿಯಿಂದ ಬಂದ ಎಷ್ಟೋ ಹುಡುಗಿಯರು ಇದರಿಂದ ಮನೆ ನಡೆಸಿದ್ದಾರೆ, ತಮ್ಮಂದಿರನ್ನು ಓದಿಸಿದ್ದಾರೆ. ಅಮೆರಿಕದಲ್ಲಿ ಹಾಗಿಲ್ಲ. ಮಹಿಳೆಯರ ವೃತ್ತಿಪರ ಲೀಗಿನಲ್ಲಿ 2024ರಲ್ಲಿ ಇದ್ದಿದ್ದು 12 ತಂಡ. ಡ್ರಾಫ್ಟಿನಲ್ಲಿ ಆರಿಸಿಕೊಂಡಿದ್ದು 36 ಜನರನ್ನು. ಅವರಲ್ಲೂ ಎಲ್ಲರಿಗೂ ತಂಡದಲ್ಲಿ ಜಾಗ ಸಿಗುವುದಿಲ್ಲ. ಕಾಲೇಜಿನಲ್ಲಿ ಆಡಿದ ಸಾವಿರಾರು ಹುಡುಗಿಯರಿಗೆ ಇಪ್ಪತ್ತೆರಡಕ್ಕೆ ಆಟ ಮುಗಿಯಿತು. ಅದೂ ಅಲ್ಲದೆ 2021ರ ಜುಲೈವರೆಗೆ ಕಾಲೇಜು ಆಟಗಾರರು ತಮ್ಮ ಹೆಸರಿನ ಮೇಲೆ ಒಂದು ರೂಪಾಯಿ ದುಡಿಯುವ ಹಾಗಿರಲಿಲ್ಲ. ಅರೀನಾ ತುಂಬಿಸುವುದು ಅವರು, ದುಡ್ಡು ಮಾತ್ರ ಬೇರೆಯವರಿಗೆ. ಇದು ದೊಡ್ಡ ಅನ್ಯಾಯ. ಕ್ಲಾರ್ಕ್ ಅದೃಷ್ಟಕ್ಕೆ ಅವಳ ಎರಡನೇ ವರ್ಷಕ್ಕೇ ನಿಯಮ ಬದಲಾಯಿತು, ಜಾಹೀರಾತುಗಳು ಬಂದವು. ವೃತ್ತಿಪರ ಲೀಗಿಗೆ ಹೋದಾಗ ಅವಳ ಮೊದಲ ವರ್ಷದ ಸಂಬಳ 76,535 ಡಾಲರ್. ಇದೇ ಊರಿನ ಸಾಫ್ಟ್‌ವೇರ್ ಎಂಜಿನಿಯರ್‌ಗೆ ಸಿಗುವಷ್ಟು.

ಹಾಗಾದರೆ ಅಮೆರಿಕದಿಂದ ಏನು ತಗೊಳ್ಳಬೇಕು? ನನ್ನ ಪ್ರಕಾರ ಅರೀನಾ ಬೇಡ, ಕೋಟಿಗಟ್ಟಲೆ ದುಡ್ಡೂ ಬೇಡ. ಬಂದು ಕೂರುವ ಅಭ್ಯಾಸ ಬೇಕು.

2022ರ ಮಾರ್ಚ್ ನೋಡಿ. ರಾಷ್ಟ್ರೀಯ ಟೂರ್ನಿಯ ಎರಡನೇ ಸುತ್ತಿನಲ್ಲೇ ಅಯೋವಾ ತನ್ನ ಸ್ವಂತ ಅಂಗಳದಲ್ಲಿ ಕ್ರೇಟನ್ ತಂಡಕ್ಕೆ 64-62ರಿಂದ ಸೋತಿತು. ಗೆಲುವಿನ ಶಾಟ್ ಹೊಡೆದವಳು ಲಾರೆನ್ ಜೆನ್ಸನ್, ಹಿಂದಿನ ವರ್ಷ ಅಯೋವಾ ತಂಡದಲ್ಲೇ ಇದ್ದವಳು. ಊರಿಗೆಲ್ಲ ಸಾವಿನ ಮನೆ ಕಳೆ. ಆದರೆ ಮುಂದಿನ ಸೀಸನ್ನಿಗೆ ಅದೇ ಜನ ಮತ್ತೆ ಬಂದರು. 2023ರಲ್ಲಿ ತಂಡ ಫೈನಲ್ ತಲುಪಿತು. ಆ ದಾರಿಯಲ್ಲಿ ಲೂಯಿವಿಲ್ ವಿರುದ್ಧ ಕ್ಲಾರ್ಕ್ 41 ಪಾಯಿಂಟ್, 10 ರೀಬೌಂಡ್ (ಗುರಿ ತಪ್ಪಿದ ಚೆಂಡು ಹಿಡಿಯುವುದು), 12 ಅಸಿಸ್ಟ್. ಆ ಟೂರ್ನಿಯಲ್ಲಿ ಗಂಡಸರಲ್ಲೂ ಹೆಂಗಸರಲ್ಲೂ ಯಾರೂ ಮಾಡಿರದ ಸಾಧನೆ ಅದು. ಸೆಮಿಫೈನಲ್ಲಿನಲ್ಲಿ ಸತತ 42 ಪಂದ್ಯ ಗೆದ್ದು ಬಂದಿದ್ದ ಸೌತ್ ಕೆರೊಲಿನಾ ಮೇಲೆ ಮತ್ತೆ 41. ಫೈನಲ್ಲಿನಲ್ಲಿ ಲೂಸಿಯಾನಾ ಸ್ಟೇಟ್ ತಂಡಕ್ಕೆ 102-85ರಿಂದ ಸೋಲು. ಸೋತು ಬಂದವರನ್ನು ಊರು ಗೆದ್ದವರ ಹಾಗೇ ಕರೆಸಿಕೊಂಡಿತು. ಆ ಆಗಸ್ಟ್ ಹೊತ್ತಿಗೆ ಮುಂದಿನ ಸೀಸನ್ನಿನ ಟಿಕೆಟ್ ಪೂರ್ತಿ ಖಾಲಿ. ಅಕ್ಟೋಬರಿನಲ್ಲಿ ಫುಟ್‌ಬಾಲ್ ಕ್ರೀಡಾಂಗಣದಲ್ಲಿ ಹಲಗೆ ಹಾಸಿ ಒಂದು ಪ್ರದರ್ಶನ ಪಂದ್ಯ ಆಡಿಸಿದರು. ಮೈ ಕೊರೆಯುವ ಗಾಳಿ. ಬಂದವರು 55,646 ಜನ. ಮಹಿಳೆಯರ ಬ್ಯಾಸ್ಕೆಟ್‌ಬಾಲ್ ಪಂದ್ಯಕ್ಕೆ ಅಷ್ಟು ಜನ ಸೇರಿದ್ದು ಅದೇ ಮೊದಲು. ಹಣ ಹೋಗಿದ್ದು ಮಕ್ಕಳ ಆಸ್ಪತ್ರೆಗೆ.

ಆಮೇಲೆ ದಾಖಲೆಗಳ ವರ್ಷ. 2024ರ ಫೆಬ್ರವರಿ 15, ಮಿಷಿಗನ್ ವಿರುದ್ಧ. ಕಾಲೇಜು ಮಹಿಳೆಯರಲ್ಲಿ ಕೆಲ್ಸಿ ಪ್ಲಮ್ ಹೆಸರಿನಲ್ಲಿದ್ದ 3,527 ಪಾಯಿಂಟಿನ ದಾಖಲೆ ಮುರಿಯಲು ಎಂಟು ಬೇಕಿತ್ತು. ಮೊದಲು ಎರಡು, ಆಮೇಲೆ ಮೂರು. ಮೂರನೆಯದಕ್ಕೆ ಚೆಂಡನ್ನು ಎಡಗಡೆಯಿಂದ ತಂದವಳು ಗೆರೆ ಹತ್ತಿರಕ್ಕೂ ಹೋಗಲಿಲ್ಲ. ಲೋಗೋ ಹತ್ತಿರವೇ ನಿಂತು ಎತ್ತಿ ಬಿಟ್ಟಳು. ಆಟ ಶುರುವಾಗಿ ಎರಡು ನಿಮಿಷ ಚಿಲ್ಲರೆ ಆಗಿತ್ತು ಅಷ್ಟೇ. ಅವತ್ತು ಒಟ್ಟು 49. ಮಾರ್ಚ್ 3ಕ್ಕೆ ಕಾಲೇಜು ಗಂಡಸರ ಆಟದಲ್ಲಿ ಪೀಟ್ ಮರಾವಿಚ್ ಹೊಡೆದಿದ್ದ 3,667 ದಾಟಿದಳು. ಕೊನೆಗೆ ನಿಂತಿದ್ದು 3,951ರಲ್ಲಿ. ಮರಾವಿಚ್ 1970ರವರೆಗೆ ಮೂರೇ ವರ್ಷದಲ್ಲಿ 83 ಪಂದ್ಯ ಆಡಿ, ಮೂರು ಪಾಯಿಂಟಿನ ಗೆರೆಯೇ ಇಲ್ಲದ ಕಾಲದಲ್ಲಿ ಅಷ್ಟು ಹೊಡೆದವರು. ಕ್ಲಾರ್ಕ್ ನಾಲ್ಕು ವರ್ಷ, 139 ಪಂದ್ಯ ಆಡಿದಳು. ಇಬ್ಬರನ್ನೂ ತಕ್ಕಡಿಗೆ ಹಾಕಿ ಜಗಳ ಆಡುವುದರಲ್ಲಿ ನನಗೆ ಆಸಕ್ತಿ ಇಲ್ಲ. ನನ್ನ ಮನಸ್ಸಿಗೆ ತಟ್ಟಿದ್ದು ಲಿನೆಟ್ ವುಡರ್ಡ್ ಅವರ ಕಥೆ. ಕಾನ್ಸಸ್ ಕಾಲೇಜಿನಲ್ಲಿ 1981ರವರೆಗೆ ಆಡಿ 3,649 ಪಾಯಿಂಟ್ ಹೊಡೆದವರು. ಆದರೆ ಕಾಲೇಜು ಆಟ ನಡೆಸುವ ಈಗಿನ ಸಂಸ್ಥೆ ಆಗ ಹೆಂಗಸರ ಆಟ ನಡೆಸುತ್ತಿರಲಿಲ್ಲ. ಹಾಗಾಗಿ ಅವರ ಲೆಕ್ಕ ದಾಖಲೆ ಪುಸ್ತಕಕ್ಕೇ ಸೇರಲಿಲ್ಲ. ಸಣ್ಣ ಕಾಲೇಜುಗಳಲ್ಲಿ ಆಡಿದ ಪರ್ಲ್ ಮೂರ್ ಅವರು ಒಟ್ಟು 4,061 ಹೊಡೆದಿದ್ದೂ ಹಾಗೇ ಮೂಲೆಗೆ ಬಿತ್ತು. ಅದು ಕ್ಲಾರ್ಕ್‌ಗಿಂತ ಜಾಸ್ತಿ! ಕ್ಲಾರ್ಕ್ ಒಂದೊಂದೇ ಮೆಟ್ಟಿಲು ಹತ್ತಿದ ಹಾಗೆ ಜನ ಈ ಹೆಸರುಗಳನ್ನು ಹುಡುಕಿ ತೆಗೆದರು. ಮಾರ್ಚ್ 3ರ ಪಂದ್ಯಕ್ಕೆ ವುಡರ್ಡ್ ಬಂದಿದ್ದರು, ಇಡೀ ಅರೀನಾ ಎದ್ದು ನಿಂತು ಚಪ್ಪಾಳೆ ತಟ್ಟಿತು.

ನಮ್ಮಲ್ಲಿ ಎಪ್ಪತ್ತು, ಎಂಬತ್ತರ ದಶಕದಲ್ಲಿ ಯೂನಿವರ್ಸಿಟಿಗೆ ಆಡಿದ ಹೆಂಗಸರು ಇವತ್ತು ನಮ್ಮ ಬೀದಿಯಲ್ಲೇ ಇರಬಹುದು. ಅವರ ಸ್ಕೋರ್‌ಶೀಟ್ ಎಲ್ಲೂ ಇಲ್ಲ. ಕಾಲೇಜಿನ ಗಾಜಿನ ಬೀರುವಿನಲ್ಲಿ ಕಪ್ಪಾದ ಒಂದು ಕಪ್, ಹೆಸರು ಅಳಿಸಿದ ಒಂದು ಗ್ರೂಪ್ ಫೋಟೋ. ಬೇಜಾರಾಗುತ್ತದೆ. ಇದನ್ನು ಸರಿ ಮಾಡಲು ಸರ್ಕಾರವೇ ಬೇಕು ಅಂತೇನಿಲ್ಲ. ಒಂದು ನೋಟ್‌ಬುಕ್, ಒಂದು ಪೆನ್ಸಿಲ್, ಬರೆಯುವ ಒಬ್ಬರು ಸಾಕು.

ಜನ ಸೇರುವುದರಲ್ಲಿ ಕೆಟ್ಟದ್ದೂ ಇದೆ. 2023ರ ಫೈನಲ್ ಆದಮೇಲೆ ಎದುರು ತಂಡದ ಏಂಜೆಲ್ ರೀಸ್ ಮೇಲೆ ಜನ ಹೇಗೆ ಮುಗಿಬಿದ್ದರು ಅಂತ ನಾನು ನೋಡಿದ್ದೇನೆ. ಕ್ಲಾರ್ಕ್ ಎದುರಾಳಿಯನ್ನು ಅಣಕಿಸಿ ಕೈ ಆಡಿಸಿದರೆ ಛಲ, ಅದನ್ನೇ ಕಪ್ಪು ಹುಡುಗಿ ಮಾಡಿದರೆ ಅಹಂಕಾರ. ಈ ತಾರತಮ್ಯ ಇನ್ನೂ ಹೋಗಿಲ್ಲ. ಅಭಿಮಾನದ ಹೆಸರಿನಲ್ಲಿ ಇನ್ನೊಬ್ಬರ ಮಗಳನ್ನು ಬೈಯುವುದು ತಪ್ಪು. ಅಯೋವಾದವರಿಗೂ ಈ ಮಾತು ಹೇಳಬೇಕು, ನಾನು ಹೇಳಿದ್ದೇನೆ.

2024ರ ಏಪ್ರಿಲ್ 7ರಂದು ಅಯೋವಾ ಮತ್ತೆ ಫೈನಲ್ ಆಡಿತು, ಮತ್ತೆ ಸೋತಿತು. ಸೌತ್ ಕೆರೊಲಿನಾ 87, ಅಯೋವಾ 75. ಟಿವಿಯಲ್ಲಿ ನೋಡಿದವರು 1 ಕೋಟಿ 80 ಲಕ್ಷಕ್ಕೂ ಜಾಸ್ತಿ. ಮರುದಿನದ ಗಂಡಸರ ಫೈನಲ್ ಒಂದೂವರೆ ಕೋಟಿ ಮುಟ್ಟಲಿಲ್ಲ. ಅದೇ ತಿಂಗಳು ಅವಳು ಮೊದಲ ಆಯ್ಕೆಯಾಗಿ ಇಂಡಿಯಾನಾ ಫೀವರ್ ತಂಡ ಸೇರಿದಳು. ಮೊದಲ ವರ್ಷವೇ 337 ಅಸಿಸ್ಟ್, ಒಂದು ಸೀಸನ್ನಿಗೆ ಅದು ಆಗ ಲೀಗಿನ ದಾಖಲೆ. 2025ರಲ್ಲಿ ಗಾಯದಿಂದಾಗಿ 13 ಪಂದ್ಯ ಮಾತ್ರ ಆಡಿದಳು. ಇದೆಲ್ಲ ಮುಂದಿನ ಕಥೆ, ಇನ್ನೂ ನಡೆಯುತ್ತಿದೆ.

ಕಾಲೇಜಿನ ಕಥೆಗೆ ಸೇರಬೇಕಾದ ಇನ್ನೊಂದು ದಿನ ಇದೆ. 2025ರ ಫೆಬ್ರವರಿ 2. ಅವಳ 22ನೇ ನಂಬರಿನ ಜರ್ಸಿಯನ್ನು ಅರೀನಾದ ಮೇಲೆ ಏರಿಸಿದ ದಿನ. ಅಂಗಳದಲ್ಲಿ ಅವಳಿಲ್ಲದ ಅಯೋವಾ ತಂಡ. ಬ್ಲೂಡರ್ ನಿವೃತ್ತಿ ಆಗಿದ್ದರು. ಕೋಚ್ ಜಾಗದಲ್ಲಿ ಜ್ಯಾನ್ ಜೆನ್ಸನ್ ಇದ್ದರು. ಅವರೂ ಹೈಸ್ಕೂಲಿನಲ್ಲಿ ಆ ಆರು ಜನರ ಆಟ ಆಡಿ ಬಂದವರೇ. ಎದುರಿಗೆ ದೇಶದ ನಾಲ್ಕನೇ ಸ್ಥಾನದ ಸದರ್ನ್ ಕ್ಯಾಲಿಫೋರ್ನಿಯಾ. ಅಯೋವಾ 76-69ರಿಂದ ಗೆದ್ದಿತು. ಕ್ಲಾರ್ಕ್ ಹೋದಮೇಲೆ ಯಾರು ಬರುತ್ತಾರೆ ಅನ್ನುತ್ತಿದ್ದವರ ಬಾಯಿ ಮುಚ್ಚಿತು, ಏಕೆಂದರೆ ಅರೀನಾ ಅವತ್ತೂ ತುಂಬಿತ್ತು.

ನಮ್ಮ ಜನಕ್ಕೆ ಕೂತು ನೋಡುವ ಅಭ್ಯಾಸ ಇಲ್ಲವೇ ಇಲ್ಲ ಅಂತ ಹೇಳಿದರೆ ತಪ್ಪಾಗುತ್ತದೆ. ಹಳ್ಳಿಯಲ್ಲಿ ಹೊನಲು ಬೆಳಕಿನ ವಾಲಿಬಾಲ್, ಕಬಡ್ಡಿ ಇಟ್ಟರೆ ಬೆಳಗಾಗುವ ತನಕ ಜನ ಕದಲುವುದಿಲ್ಲ. ಮೈಕಿನಲ್ಲಿ ಒಬ್ಬರು ಹೆಸರು ಕೂಗುತ್ತಾರೆ, ಊರಿನವರು ಐನೂರು ರೂಪಾಯಿ ಬಹುಮಾನ ಎದ್ದು ಹೇಳುತ್ತಾರೆ, ಕಡಲೆಕಾಯಿ ಮಾರುವವರು ಬರುತ್ತಾರೆ. ದಸರಾ ಕುಸ್ತಿಗೆ ಜನ ಜಾಗ ಹಿಡಿದು ಕೂರುತ್ತಾರೆ. ಈ ಜನವೇ ಹುಡುಗಿಯರ ಅಂತರ ಕಾಲೇಜು ಫೈನಲ್ಲಿಗೆ ಬರಬಲ್ಲರು. ಆದರೆ ನಾವು ಆ ಫೈನಲ್ ಇಡುವುದು ಯಾವಾಗ?

ಅಕ್ಕನ ಚಿಕ್ಕ ಮಗಳು ಈಗ ಡಿಗ್ರಿ ಮೊದಲ ವರ್ಷ. ಅವಳೂ ಆಡುತ್ತಾಳೆ. ಹೋದ ವಾರ ಅಕ್ಕನಿಗೆ ಫೋನ್ ಮಾಡಿದಾಗ ಕೇಳಿದೆ, ‘ಅಕ್ಕ, ಈ ಸಲ ಮ್ಯಾಚ್‌ಗೆ ನೀನೂ ಭಾವನೂ ಹೋಗಿ ಕೂತ್ಕೊಳ್ರಿ. ಹೋಗ್ತೀಯಾ?’

‘ಹೋಗೋಕೆ ನಂಗೇನಪ್ಪ ಕಷ್ಟ? ಬುಧವಾರ ಬೆಳಿಗ್ಗೆ ಹನ್ನೊಂದಕ್ಕಂತೆ. ನಿಮ್ಮ ಭಾವ ಬ್ಯಾಂಕ್ ಬಿಟ್ಟು ಬರ್ತಾರಾ? ನಂಗೂ ಸ್ಕೂಲ್ ಇದೆ.’

ಅಕ್ಕ ಹೇಳಿದ್ದು ಸರಿ. ಬುಧವಾರ ಬೆಳಿಗ್ಗೆ ಹನ್ನೊಂದಕ್ಕೆ ಇಟ್ಟರೆ ಅಯೋವಾದಲ್ಲೂ ಯಾರೂ ಬರುವುದಿಲ್ಲ. ಹಾಗಾಗಿ ವಿಶ್ವವಿದ್ಯಾಲಯಗಳ ದೈಹಿಕ ಶಿಕ್ಷಣ ನಿರ್ದೇಶಕರಲ್ಲಿ, ಕಾಲೇಜುಗಳ ಪಿ.ಇ. ಮೇಷ್ಟ್ರುಗಳಲ್ಲಿ ನನ್ನದೊಂದು ಬೇಡಿಕೆ. ಸೆಮಿಫೈನಲ್, ಫೈನಲ್ ಎರಡನ್ನಾದರೂ ಶನಿವಾರ ಸಂಜೆ ಐದೂವರೆಗೆ ಇಡಿ. ಲೈಟ್ ಹಾಕಿಸಿ. ಅಕ್ಕಪಕ್ಕದ ಹೈಸ್ಕೂಲಿನ ಹುಡುಗಿಯರನ್ನು ಮುಂದಿನ ಸಾಲಿನಲ್ಲಿ ಕೂರಿಸಿ. ಮೈಕ್ ಹಿಡಿದು ಆಡುವವರ ಹೆಸರು, ಊರು ಕೂಗಿ. ಲೈಟಿನ ಬಾಡಿಗೆಗೆ ದುಡ್ಡಿಲ್ಲ ಅಂದರೆ ಹೊರನಾಡಿನಲ್ಲಿರುವ ನಿಮ್ಮ ಹಳೆ ವಿದ್ಯಾರ್ಥಿಗಳನ್ನು ಕೇಳಿ. ಹಾಸನದ ಮಟ್ಟಿಗೆ ಈ ವರ್ಷದ ಲೈಟಿನ ಖರ್ಚು ನಾನು ಕೊಡುತ್ತೇನೆ.